ಮುಗುಮ್ಮು ಎಂಬ ಪದದ ವಿಚಾರಣೆ

ನಿಘಂಟು ಕಚೇರಿಯಲ್ಲಿ ಅವಳಿಗೆ ಮುಗುಮ್ಮಕ್ಕ ಎಂದು ಹೆಸರಿಟ್ಟವಳು ಟೈಪಿಸ್ಟು. ಬೆನ್ನ ಹಿಂದೆ ಇಟ್ಟ ಹೆಸರು ಮೂರೇ ದಿನದಲ್ಲಿ ಎದುರಿಗೆ ಬಂತು. ಟೈಪಿಸ್ಟಿನ ಹೊಟ್ಟೆಯಲ್ಲಿ ಯಾವ ಮಾತೂ ಅದಕ್ಕಿಂತ ಹೆಚ್ಚು ದಿನ ಉಳಿಯುತ್ತಿರಲಿಲ್ಲ. ಹೆಸರು ಕಿವಿಗೆ ಬಿದ್ದಾಗ ಅವಳು ಒಮ್ಮೆ ತಲೆಯೆತ್ತಿ ನೋಡಿ ಮತ್ತೆ ಬರೆಯತೊಡಗಿದಳು. ಬೈಗುಳಕ್ಕೆ ತಯಾರಾಗಿದ್ದ ಟೈಪಿಸ್ಟು ತಾನೇ ತಡೆಯಲಾರದೆ ಬೇಜಾರಾಯಿತೇ ಎಂದು ಕೇಳಿದಳು. ಅವಳು ಇಲ್ಲ ಎಂದಳು. ಅಲ್ಲಿಗೆ ಹೆಸರು ಗಟ್ಟಿಯಾಯಿತು.

ಕಚೇರಿ ಇದ್ದದ್ದು ಸೈಕಲ್ ಅಂಗಡಿಯೊಂದರ ಮೇಲೆ, ಎರಡನೇ ಮಹಡಿಯಲ್ಲಿ. ಉದ್ದನೆಯ ಕೋಣೆ, ಗೋಡೆ ತುಂಬ ಮರದ ಖಾನೆಗಳು, ಒಂದೊಂದು ಖಾನೆಯ ತುಂಬ ಅಂಗೈಯಗಲದ ಚೀಟಿಗಳು. ಒಂದು ಚೀಟಿಗೆ ಒಂದು ಪದ, ಆ ಪದ ಬಂದ ವಾಕ್ಯ, ವಾಕ್ಯ ಸಿಕ್ಕ ಜಾಗ. ಪುಸ್ತಕ ಓದಿ ಪದ ಹೆಕ್ಕುವುದು, ಚೀಟಿ ಬರೆಯುವುದು, ಅಕಾರಾದಿಯಾಗಿ ಜೋಡಿಸಿಡುವುದು, ಪದದ ಸರದಿ ಬಂದಾಗ ಚೀಟಿಗಳನ್ನೆಲ್ಲ ಅರ್ಥಾನುಸಾರ ವಿಂಗಡಿಸಿ ಸಂಪಾದಕರ ಮುಂದಿಡುವುದು ಅವಳ ಕೆಲಸ. ಇಪ್ಪತ್ತೆರಡು ವರ್ಷದಿಂದ ಅದನ್ನೇ ಮಾಡುತ್ತಿದ್ದಳು. ಚೀಟಿ ಹಾರದಿರಲೆಂದು ಆ ಕೋಣೆಯಲ್ಲಿ ಬೇಸಿಗೆಯಲ್ಲೂ ಫ್ಯಾನು ಒಂದನೇ ನಂಬರು ದಾಟುತ್ತಿರಲಿಲ್ಲ. ಉಳಿದವರು ಸೆಖೆಗೆ ಶಪಿಸುತ್ತಿದ್ದರು. ಅವಳು ಕರವಸ್ತ್ರ ಒದ್ದೆ ಮಾಡಿ ಕತ್ತಿಗೆ ಹಾಕಿಕೊಂಡು ಕೂರುತ್ತಿದ್ದಳು.

ಅವಳು ಮೂಗಿಯಲ್ಲ, ನಾಚಿಕೆ ಸ್ವಭಾವದವಳೂ ಅಲ್ಲ. ಕೇಳಿದ್ದಕ್ಕೆ ಉತ್ತರ ಕೊಡುತ್ತಿದ್ದಳು, ತಮಾಷೆಗೆ ನಗುತ್ತಿದ್ದಳು, ಬಸ್ಸಿನಲ್ಲಿ ಯಾರಾದರೂ ಕಾಲು ತುಳಿದರೆ ತೆಗೆಯಿರಿ ಎನ್ನುತ್ತಿದ್ದಳು. ಅದರಾಚೆಗೆ ಮಾತು ಬೆಳೆಸುವ ಅಗತ್ಯ ಅವಳಿಗೆ ಎಂದೂ ಕಂಡಿರಲಿಲ್ಲ. ಆದರೆ ಸುಮ್ಮನಿರುವವರನ್ನು ಲೋಕ ಸುಮ್ಮನೆ ಬಿಡುವುದಿಲ್ಲ. ಒಬ್ಬರು ಕೊಬ್ಬು ಎಂದರು, ಇನ್ನೊಬ್ಬರು ಪಾಪ ಎಂದರು, ಮತ್ತೊಬ್ಬರು ಗುಮ್ಮನಗುಸಕ ಎಂದರು. ಮನೆಯಲ್ಲಿ ಮಾತ್ರ ಈ ತಕರಾರು ಇರಲಿಲ್ಲ. ಗಂಡ ದೂರದ ಊರುಗಳಿಗೆ ಬಸ್ಸು ಓಡಿಸುವವನು, ಎರಡು ದಿನಕ್ಕೊಮ್ಮೆ ಮುಖ ತೋರಿಸುವವನು. ಮನೆಯಲ್ಲಿದ್ದದ್ದು ಅತ್ತೆ. ಆ ಮುದುಕಿಗೆ ಬೆಳಿಗ್ಗೆ ಕಣ್ಣು ಬಿಡುವ ಮೊದಲೇ ಬಾಯಿ ಬಿಟ್ಟು ಅಭ್ಯಾಸ. ಕೇಳುವ ಕಿವಿಯೊಂದು ಸೊಸೆಯಾಗಿ ಬಂದದ್ದು ತನ್ನ ಪುಣ್ಯವೆಂದೇ ಆಕೆ ತಿಳಿದಿದ್ದಳು.

ಆ ವರ್ಷ ನಿಘಂಟಿನ ನಾಲ್ಕನೇ ಸಂಪುಟ ನಡೆಯುತ್ತಿತ್ತು. ಬ, ಭ ಅಕ್ಷರಗಳು ಮುಗಿಯುತ್ತ ಬಂದು, ಕೊನೆಗೆಂದು ಉಳಿಸಿದ್ದ ಒಂದೆರಡು ದೊಡ್ಡ ಪದಗಳಾದ ಮೇಲೆ ಮ ಶುರುವಾಗಬೇಕಿತ್ತು. ಒಂದು ಸೋಮವಾರ ಮುಗುಮ್ಮಕ್ಕ ಗೋಡೆಯ ಕೆಳಸಾಲಿನ ಖಾನೆಯೊಂದನ್ನು ಎಳೆದಳು; ಹಿಡಿ ಕೈಗೆ ಬಂತು, ಖಾನೆ ಬರಲಿಲ್ಲ. ಬಗ್ಗಿ ನೋಡಿದರೆ ಒಳಗೆಲ್ಲ ಮಣ್ಣು. ಗೋಡೆಯಲ್ಲಿ ಮೂರು ವರ್ಷದಿಂದ ನೀರು ಜಿನುಗುತ್ತಿತ್ತು. ಆಡಳಿತಾಧಿಕಾರಿಗೆ ನಾಲ್ಕು ಸಲ ಬರೆದು ಕೊಟ್ಟದ್ದಾಗಿತ್ತು. ಆ ತೇವಕ್ಕೆ ಗೆದ್ದಲು ಹತ್ತಿ ಒಂದಿಡೀ ಖಾನೆಯ ಚೀಟಿಗಳನ್ನು ತಿಂದು ಮುಗಿಸಿತ್ತು. ತಿಂದದ್ದಾದರೂ ಯಾವುದನ್ನು? ಬಾಯಿ ಎಂಬ ಪದವನ್ನು. ಬಾಯಿಬಡಕ, ಬಾಯಿಪಾಠ, ಬಾಯಿಚಪಲ, ಬಾಯಿಗೆ ಬೀಗ, ಮುನ್ನೂರಕ್ಕೂ ಮಿಕ್ಕಿದ ಚೀಟಿಗಳು ಮಣ್ಣುಪಾಲಾಗಿದ್ದವು.

ವಿಷಯ ಗೊತ್ತಿದ್ದದ್ದು ನಾಲ್ವರಿಗೆ. ಖಾನೆ ತೆರೆದ ಅವಳಿಗೆ, ಅವಳು ಹೋಗಿ ಹೇಳಿದ ಪ್ರಧಾನ ಸಂಪಾದಕರಿಗೆ, ಅವರು ಕರೆಸಿದ ಆಡಳಿತಾಧಿಕಾರಿಗೆ, ಆತ ಬರೆಸಿದ ಗುಟ್ಟಿನ ಟಿಪ್ಪಣಿ ಟೈಪು ಮಾಡಿದ ಟೈಪಿಸ್ಟಿಗೆ. ಮೇಲಿನ ಸಮಿತಿಗೆ ತಿಳಿಯಬಾರದು, ಹೊರಗೆ ಹೋಗಬಾರದು, ಚೀಟಿಗಳನ್ನು ಸದ್ದಿಲ್ಲದೆ ಮತ್ತೆ ಬರೆಯಬೇಕು ಎಂದು ತೀರ್ಮಾನವಾಯಿತು.

ಹನ್ನೊಂದನೇ ದಿನ ಪತ್ರಿಕೆಯಲ್ಲಿ ಬಂತು. ಒಳಪುಟದಲ್ಲಿ ಚಿಕ್ಕ ಸುದ್ದಿ, ಆದರೆ ತಲೆಬರಹ ದಪ್ಪ: ‘ನಿಘಂಟಿನ ಬಾಯಿಯನ್ನೇ ತಿಂದ ಗೆದ್ದಲು’.

ಅದನ್ನು ಓದಿದ ಕೂಡಲೇ ಸುದ್ದಿ ಎಲ್ಲಿಂದ ಹೋಯಿತೆಂದು ಮುಗುಮ್ಮಕ್ಕನಿಗೆ ಗೊತ್ತಾಯಿತು. ಮೂರು ದಿನದ ಹಿಂದೆ ಸಂಪಾದಕರು ಕೋಣೆಯ ಟೆಲಿಫೋನಿನಲ್ಲಿ ಹಳೆಯ ಶಿಷ್ಯನೊಬ್ಬನ ಜೊತೆ ಮಾತಾಡುತ್ತ ನಕ್ಕು ನಕ್ಕು, ಗೆದ್ದಲು ನಮ್ಮ ಬಾಯಿಯನ್ನೇ ತಿಂದುಬಿಟ್ಟಿದೆ ಕಣಯ್ಯ ಎಂದಿದ್ದರು. ಹತ್ತು ಅಡಿ ದೂರದಲ್ಲಿ ಅವಳು ಕೂತಿದ್ದಳು. ಅವರು ಅವಳ ಕಡೆ ನೋಡಿದ್ದರು ಕೂಡ, ಆದರೆ ಖಾನೆಗಳನ್ನು ನೋಡಿದ ಹಾಗೆ. ಕೆಟ್ಟ ಮನುಷ್ಯರಲ್ಲ. ದೊಡ್ಡ ವಿದ್ವಾಂಸರು, ಆದರೆ ನಾಲಿಗೆಯ ಮೇಲೆ ಬಂದ ಚಮತ್ಕಾರವನ್ನು ನುಂಗಲು ಬಾರದವರು. ಕೇಳುವವನು ಪತ್ರಿಕೆಯವನು ಎಂಬುದು ಆ ಹೊತ್ತಿಗೆ ಅವರ ನೆನಪಿನಲ್ಲೇ ಇದ್ದಿರಲಾರದು.

ಆಡಳಿತಾಧಿಕಾರಿಗೆ ಸಮಿತಿಯಿಂದ ಛೀಮಾರಿಯಾಯಿತು. ಆತ ಮೂಗಿನ ತುದಿಯಲ್ಲಿ ಸಿಟ್ಟು ಇಟ್ಟುಕೊಂಡು ಬಂದು ಒಬ್ಬೊಬ್ಬರನ್ನೇ ಕರೆದು ಕೇಳಿದ. ಟೈಪಿಸ್ಟನ್ನು ಯಾರೂ ಅನುಮಾನಿಸಲಿಲ್ಲ. ಅವಳು ಹೇಳಿದ್ದರೆ, ತಾನು ಹೇಳಿದೆ ಎಂಬುದನ್ನೂ ಅಷ್ಟು ಹೊತ್ತಿಗೆ ಹೇಳಿಬಿಟ್ಟಿರುತ್ತಿದ್ದಳು. ಸಂಪಾದಕರನ್ನು ಕೇಳುವ ಧೈರ್ಯ ಆತನಿಗಿರಲಿಲ್ಲ. ಸಂಪುಟದ ಬೆನ್ನ ಮೇಲೆ ಅಚ್ಚಾಗುವುದು ಅವರ ಹೆಸರು. ಉಳಿದವಳು ಒಬ್ಬಳೇ. ಪತ್ರಿಕೆಗೆ ಹೇಳಿದ್ದು ನೀವೇನಾ ಎಂದಾಗ ಅವಳು ಇಲ್ಲ ಎಂದಳು. ಅಷ್ಟು ಸಣ್ಣ ಉತ್ತರ ಆತನಿಗೆ ಸಾಲಲಿಲ್ಲ. ಆಣೆ ಹಾಕಲಿಲ್ಲ, ಅಳಲಿಲ್ಲ, ಬೇರೆಯವರ ಮೇಲೆ ಹಾಕಲಿಲ್ಲ; ನಿರಪರಾಧಿಯಾದವಳು ಹೀಗೆ ಇರುತ್ತಾಳೆಯೇ ಎಂದು ಆತನ ತರ್ಕ.

ಮರುದಿನ ನೋಟೀಸು ಬಂತು. ಟೈಪು ಮಾಡಿದ ಟೈಪಿಸ್ಟೇ ತಂದುಕೊಟ್ಟಳು, ಕಣ್ಣು ಕೆಂಪಗಾಗಿತ್ತು. ಅದರ ಮೂರನೇ ಸಾಲಿನಿಂದ ಮುಂದಕ್ಕೆ ಹೀಗಿತ್ತು: ‘ತಮ್ಮ ಸ್ವಭಾವವು ಮೊದಲಿನಿಂದಲೂ ಮುಗುಮ್ಮಾಗಿದ್ದು, ಸಂಶಯಕ್ಕೆ ಎಡೆಮಾಡಿಕೊಡುವಂತಿದೆ. ಏಳು ದಿನಗಳೊಳಗೆ ಸಮಜಾಯಿಷಿ ಸಲ್ಲಿಸತಕ್ಕದ್ದು. ಅಲ್ಲಿಯವರೆಗೆ ಚೀಟಿ ಕೋಣೆಗೆ ಪ್ರವೇಶವಿರುವುದಿಲ್ಲ.’ ನಕಲು ಪ್ರತಿ ಸೇವಾ ಪುಸ್ತಕಕ್ಕೆ.

ಅಂದು ಸಂಜೆ ಅತ್ತೆ ಕಾಗದವನ್ನು ಕನ್ನಡಕದ ಕೆಳಗಿಟ್ಟು ಎರಡು ಸಲ ಓದಿದಳು. ಆಮೇಲೆ ಸೊಸೆಯ ಬಾಯಿಂದ ನಡೆದದ್ದನ್ನೆಲ್ಲ ಹೊರಡಿಸಿದಳು. ಟೆಲಿಫೋನಿನ ವಿಷಯ ಕೇಳಿದ ಮೇಲೆ ಆಕೆಗೆ ಕೂತಲ್ಲಿ ಕೂರಲಾಗಲಿಲ್ಲ.

"ನಿನ್ನ ಬಾಯಲ್ಲಿ ಮಾತಿಲ್ಲ ಅಂತ ನಾನು ಹೇಳಬಹುದು ಕಣೇ. ಇಪ್ಪತ್ತು ವರ್ಷ ಒಂದೇ ಒಲೆ ಮುಂದೆ ನಿಂತಿದೀನಿ. ಅವನು ಯಾರು ಹೇಳೋಕೆ? ನಾಳೆ ಹೋಗು, ಆ ಮುದುಕನ ಹೆಸರು ಹೇಳು, ಮುಗೀತು."

ಅವಳು ಬೇಡವೆಂದು ತಲೆಯಾಡಿಸಿದಳು. ಈ ಸಲ ಅವಳು ಆಡಿದ್ದು ಅವಳ ಲೆಕ್ಕಕ್ಕೆ ದೀರ್ಘ ಭಾಷಣ.

"ಹೇಳಿದ್ರೆ ನಾನು ಬಚಾವಾಗ್ತೀನಿ ಅತ್ತೆ. ಆದ್ರೆ ಏನಂತಾರೆ? ನೋಡಿ, ಇಷ್ಟು ದಿನ ಮೂಲೆಲಿ ಕೂತು ಹೊಂಚು ಹಾಕ್ತಿದ್ಲು ಅಂತಾರೆ. ಮಾತಾಡದೋರೆಲ್ಲ ಒಳಗೊಳಗೇ ಕತ್ತಿ ಮಸೀತಾರೆ ಅನ್ನೋದು ಖಾಯಮ್ಮಾಗುತ್ತೆ. ನನ್ನ ಮೇಲೆ ಹೊರಿಸಿರೋದು ಸುದ್ದಿ ಕೊಟ್ಟಿದ್ದು ಅಲ್ಲ, ಸುಮ್ಮನಿದ್ದದ್ದು. ಅದಕ್ಕೆ ಉತ್ತರ ಕೊಡಬೇಕು."

ಅತ್ತೆಗೆ ಅರ್ಧ ಅರ್ಥವಾಯಿತು, ಅರ್ಧ ಆಗಲಿಲ್ಲ. ಆದರೆ ಸೊಸೆ ನಿರ್ಧರಿಸಿಬಿಟ್ಟದ್ದು ಕಂಡಿತು. ಹೆಚ್ಚು ಒತ್ತಾಯಿಸಲಿಲ್ಲ.

ಸಮಜಾಯಿಷಿಯಲ್ಲಿ ಮುಗುಮ್ಮಕ್ಕ ಬರೆದದ್ದು ನಾಲ್ಕೇ ವಾಕ್ಯ. ‘ಪತ್ರಿಕೆಗೆ ನಾನು ಸುದ್ದಿ ಕೊಟ್ಟಿಲ್ಲ. ನೋಟೀಸಿನಲ್ಲಿ ಮುಗುಮ್ಮು ಎಂಬ ಪದವನ್ನು ಯಾವ ಅರ್ಥದಲ್ಲಿ ಬಳಸಲಾಗಿದೆ ಎಂಬುದನ್ನು ದಯವಿಟ್ಟು ತಿಳಿಸಬೇಕು. ಈ ಪದದ ಅರ್ಥವನ್ನು ನಮ್ಮ ಸಂಸ್ಥೆ ಇನ್ನೂ ನಿರ್ಣಯಿಸಿಲ್ಲ. ಅರ್ಥ ಗೊತ್ತಿಲ್ಲದ ಆರೋಪಕ್ಕೆ ಉತ್ತರ ಕೊಡಲು ಬರುವುದಿಲ್ಲ.’

ಆಡಳಿತಾಧಿಕಾರಿ ಕಾಗದ ಹಿಡಿದುಕೊಂಡು ಕೆಂಡವಾದ. ಉದ್ಧಟತನ ಎಂದು ಷರಾ ಬರೆಯಹೋಗಿ, ಅದರ ಅರ್ಥವನ್ನೂ ಕೇಳಿದರೆ ಏನು ಗತಿಯೆಂದು ಪೆನ್ನು ತಡೆದ. ಸಂಪಾದಕರ ಬಳಿ ಓಡಿದರೆ ಅವರು ಮೊದಲು ಗೊಳ್ಳೆಂದು ನಕ್ಕರು, ಆಮೇಲೆ ಯಾಕೋ ನಗು ನಿಲ್ಲಿಸಿ, ಹೇಗೂ ಮ ಅಕ್ಷರ ನಡೆಯುತ್ತಿದೆ, ಪದವನ್ನು ಮುಂದಿನ ಗುರುವಾರದ ಸಭೆಗೇ ತೆಗೆದುಕೊಂಡರಾಯಿತು ಎಂದರು. ಗುರುವಾರಕ್ಕೆ ಇನ್ನೂ ಒಂಬತ್ತು ದಿನವಿತ್ತು.

ಆ ಒಂಬತ್ತು ದಿನ ಅವಳು ಮೆಟ್ಟಿಲ ಪಕ್ಕದ ಪಡಸಾಲೆಯಲ್ಲಿ ಒಂದು ಮರದ ಕುರ್ಚಿಯ ಮೇಲೆ ಕೂತಳು. ರಜೆ ಹಾಕಿ ಮನೆಯಲ್ಲಿರಬಹುದೆಂದು ಆಡಳಿತಾಧಿಕಾರಿ ಹೇಳಿ ಕಳಿಸಿದ್ದ; ಅವಳು ಹಾಕಲಿಲ್ಲ. ಹತ್ತು ಗಂಟೆಗೆ ಸರಿಯಾಗಿ ಬಂದು ಹಾಜರಿ ಪುಸ್ತಕದಲ್ಲಿ ಸಹಿ ಮಾಡಿ, ಎಲ್ಲರೂ ಹತ್ತಿ ಇಳಿಯುವ ದಾರಿಯಲ್ಲಿ ನೆಟ್ಟಗೆ ಕೂರುತ್ತಿದ್ದಳು. ಮೊದಲ ದಿನ ಕೈಯಲ್ಲಿ ಏನೂ ಇರಲಿಲ್ಲ. ಎರಡನೇ ದಿನ ಅತ್ತೆ ಹಳೆಯ ಕ್ಯಾಲೆಂಡರಿನ ಹಾಳೆಗಳನ್ನು ಅಂಗೈಯಗಲಕ್ಕೆ ಕತ್ತರಿಸಿ ಕಟ್ಟು ಕಟ್ಟಿಕೊಟ್ಟಳು.

ಮುಗುಮ್ಮಕ್ಕ ಅಲ್ಲಿಯೇ ಕೆಲಸ ಶುರು ಮಾಡಿದಳು. ಗೆದ್ದಲು ತಿಂದ ಬಾಯಿಯನ್ನು ಮತ್ತೆ ಕೂಡಿಸಬೇಕಿತ್ತಲ್ಲ; ಪುಸ್ತಕ ಮುಟ್ಟಲು ಬಿಡದಿದ್ದರೆ ಜನರ ಬಾಯಿಯೇ ಸಾಕು. ಕೆಳಗಿನ ಸೈಕಲ್ ಅಂಗಡಿಯವರು ಗಿರಾಕಿಯ ಮೇಲೆ ಬಾಯಿ ಮಾಡಿದ್ದು, ಮೆಟ್ಟಿಲು ಹತ್ತುವವರು ಬಾಯಿ ಒಣಗಿತು ಎಂದದ್ದು, ಎಲ್ಲ ಚೀಟಿಗೇರಿತು. ಜವಾನ ಒಮ್ಮೆ ಪಕ್ಕದವನ ಕಿವಿಯಲ್ಲಿ, ಬಾಯಿ ಸತ್ತ ಹೆಂಗಸು ಪಾಪ ಎಂದ. ಅವಳು ಅದನ್ನೂ ಬರೆದುಕೊಂಡಳು: ‘ಬಾಯಿ ಸತ್ತ. ಜವಾನ, ಮೆಟ್ಟಿಲ ಮೇಲೆ, ಮಂಗಳವಾರ.’ ಬರೆದದ್ದನ್ನು ಅವನ ಮುಂದೆಯೇ ಹಿಡಿದು, ವಾಕ್ಯ ಸರಿಯಾಗಿದೆಯೇ ಎಂದು ಕೇಳಿದಳು. ಅಂದಿನಿಂದ ಅವನು ಅವಳ ಹತ್ತಿರ ಬಂದಾಗ ಉಸಿರನ್ನೂ ಲೆಕ್ಕ ಹಾಕಿ ಬಿಡುತ್ತಿದ್ದ.

ಸಂಪಾದಕರಿಗೆ ಆ ದಾರಿ ಕಷ್ಟವಾಯಿತು. ಮೊದಲ ದಿನ ನಿಂತು ಸೆಖೆಯ ಬಗ್ಗೆ ಮಾತಾಡಿದರು. ಎರಡನೇ ದಿನ ಸಿಗದ ಬೀಗದ ಕೈ ಹುಡುಕುವವರಂತೆ ಜೇಬು ತಡವುತ್ತ ದಾಟಿದರು. ನಾಲ್ಕನೇ ದಿನದಿಂದ ಹಿಂದಿನ ಕಬ್ಬಿಣದ ಏಣಿಮೆಟ್ಟಿಲು ಹಿಡಿದರು, ಎಪ್ಪತ್ತರ ವಯಸ್ಸಿನಲ್ಲಿ, ಮಂಡಿ ಹಿಡಿದುಕೊಂಡು. ಅವಳು ಅದನ್ನು ನೋಡಿದಳು. ಸಂಕಟವಾಯಿತು. ಕುರ್ಚಿ ಮಾತ್ರ ಸರಿಸಲಿಲ್ಲ.

ಐದನೇ ದಿನ ಮಧ್ಯಾಹ್ನ ಅತ್ತೆ ಊಟದ ಡಬ್ಬಿ ಹಿಡಿದುಕೊಂಡು ಛತ್ರಿಯೂರಿ ಎರಡು ಮಹಡಿ ಹತ್ತಿ ಬಂದಳು. ಬಂದವಳು ಪಕ್ಕದ ಬೆಂಚಿನ ಮೇಲೆ ಠಿಕಾಣಿ ಹೂಡಿದಳು. ಯಾರೂ ಕೇಳದೆಯೇ ಬಾಯಿಯ ಗಾದೆಗಳನ್ನು ಸುರಿಯತೊಡಗಿದಳು. ಬಾಯಿ ಬಿಟ್ಟರೆ ಬಣ್ಣಗೇಡು, ಬಾಯಿದ್ದವರು ಬರಗಾಲದಲ್ಲೂ ಬದುಕಿದರು, ಬಾಯಲ್ಲಿ ಬೆಲ್ಲ ಹೊಟ್ಟೆಯಲ್ಲಿ ವಿಷ. ಕೊನೆಯದನ್ನು ಆಡಳಿತಾಧಿಕಾರಿ ಎದುರಿಗೆ ಹಾದುಹೋಗುವ ಹೊತ್ತಿಗೆ ಸರಿಯಾಗಿ, ಸ್ವಲ್ಪ ಜೋರಾಗಿ ಹೇಳಿದಳು. ಸೊಸೆ ಬರೆಯುತ್ತಲೇ ಹೋದಳು. ಮಾತಾಡುವವಳೊಬ್ಬಳು, ಬರೆಯುವವಳೊಬ್ಬಳು, ಸಂಜೆಯ ಹೊತ್ತಿಗೆ ನಲವತ್ತು ಚೀಟಿ. ಗೆದ್ದಲು ತಿಂದದ್ದರಲ್ಲಿಯೂ ಇರದಿದ್ದ ಮಾತುಗಳು ಆ ಮುದುಕಿಯ ಬಳಿ ಇದ್ದವು.

ಗುರುವಾರದ ಸಭೆಗೆ ಹೊರಗಿನಿಂದ ನಿವೃತ್ತ ಪ್ರಾಧ್ಯಾಪಕಿಯೊಬ್ಬರು ಬರುವುದು ವಾಡಿಕೆ. ಪದದ ಅರ್ಥಕ್ಕೆ ಅವರ ರುಜು ಬಿದ್ದರೆ ಮುಗಿಯಿತು, ಮತ್ತೆ ತಿದ್ದುವಂತಿಲ್ಲ. ಮೇಜಿನ ಒಂದು ತುದಿಯಲ್ಲಿ ಸಂಪಾದಕರು, ಇನ್ನೊಂದು ತುದಿಯಲ್ಲಿ ಪ್ರಾಧ್ಯಾಪಕಿ, ನಡುವೆ ಆಡಳಿತಾಧಿಕಾರಿ, ಟಿಪ್ಪಣಿ ಬರೆಯಲು ಟೈಪಿಸ್ಟು. ಮುಗುಮ್ಮು ಪದದ ಖಾನೆ ತರಲು ಮುಗುಮ್ಮಕ್ಕನನ್ನೇ ಒಳಗೆ ಕರೆಯಬೇಕಾಯಿತು. ಅದು ಎಲ್ಲಿದೆಯೆಂದು ಬೇರೆ ಯಾರಿಗೂ ಗೊತ್ತಿರಲಿಲ್ಲ. ಅವಳು ಚೀಟಿಗಳನ್ನು ತಂದು ಮೇಜಿನ ಮೇಲೆ ನಾಲ್ಕು ಗುಡ್ಡೆ ಮಾಡಿಟ್ಟಳು. ಕುಳಿತುಕೊಳ್ಳಲು ಯಾರೂ ಹೇಳಲಿಲ್ಲ, ತಾನೇ ಕುರ್ಚಿ ಎಳೆದುಕೊಂಡು ಕೂತಳು.

ಸಂಪಾದಕರ ಕರಡಿನಲ್ಲಿ ಹೀಗಿತ್ತು: ‘ಮನಸ್ಸಿನಲ್ಲಿರುವುದನ್ನು ಹೊರಗೆಡಹದಿರುವಿಕೆ, ಗುಟ್ಟು, ಕಪಟ.’ ತಾನು ಬಳಸಿದ್ದೂ ಇದೇ ಅರ್ಥದಲ್ಲಿ ಎಂದು ಆಡಳಿತಾಧಿಕಾರಿ ಬೆನ್ನು ನೆಟ್ಟಗೆ ಮಾಡಿದ. ಪ್ರಾಧ್ಯಾಪಕಿ ಚೀಟಿಗಳು ಏನು ಹೇಳುತ್ತವೆ ಎಂದು ಕೇಳಿದರು. ಇಪ್ಪತ್ತೆರಡು ವರ್ಷದಲ್ಲಿ ಆ ಸಭೆಯಲ್ಲಿ ಚೀಟಿಗಳು ಏನು ಹೇಳುತ್ತವೆ ಎಂದು ಚೀಟಿಯವಳನ್ನು ಯಾರೂ ಕೇಳಿರಲಿಲ್ಲ.

ಅವಳು ನಿಧಾನವಾಗಿ ಶುರುಮಾಡಿದಳು. ಒಟ್ಟು ಅರವತ್ನಾಲ್ಕು ಚೀಟಿ. ಇಪ್ಪತ್ತೇಳರಲ್ಲಿ ಮನುಷ್ಯ ಸುಮ್ಮನೆ ಮಾತಾಡದೆ ಇದ್ದಾನೆ, ಅದಕ್ಕೆ ಕಾರಣವೇ ಇಲ್ಲ, ಊಟ ಮಾಡುತ್ತ, ದಾರಿ ನಡೆಯುತ್ತ. ಹನ್ನೆರಡರಲ್ಲಿ ದುಃಖ ಅಥವಾ ಭಯದಿಂದ ಮಾತು ಕಟ್ಟಿದೆ. ಹದಿನೆಂಟರಲ್ಲಿ ಬೇರೆಯವರ ಮಾನ ಉಳಿಸಲು ಒಬ್ಬರು ಬಾಯಿ ಬಿಟ್ಟಿಲ್ಲ; ಅಣ್ಣನಿಗಾಗಿ ತಂಗಿ, ಒಡೆಯನಿಗಾಗಿ ಆಳು, ಒಮ್ಮೆ ಆಳಿಗಾಗಿ ಒಡೆಯನೂ. ಕಪಟ ಇರುವುದು ಏಳರಲ್ಲಿ. ಗುಡ್ಡೆಯಿಂದ ಗುಡ್ಡೆಗೆ ಬೆರಳಿಡುತ್ತ, ಒಂದೊಂದರಿಂದ ಎರಡೆರಡು ವಾಕ್ಯ ಓದಿ ತೋರಿಸಿದಳು. ದನಿ ನಡುಗಲಿಲ್ಲ, ಏರಲೂ ಇಲ್ಲ.

"ಈ ಏಳರಲ್ಲೂ ಮುಗುಮ್ಮು ಅಂದಿರೋದು ಎದುರಿನೋರು" ಎಂದಳು. "ಸಿಟ್ಟು ಬಂದಾಗ, ಅನುಮಾನ ಬಂದಾಗ. ಸುಮ್ಮನಿದ್ದೋರು ತಮ್ಮ ಬಗ್ಗೆ ತಾವೇ ಈ ಪದ ಬರೆದುಕೊಂಡಿದ್ದು ಒಂದು ಚೀಟಿಲೂ ಇಲ್ಲ. ಸುಮ್ಮನಿರೋರಿಗೆ ಹೆಸರಿಟ್ಟೋರೆಲ್ಲ ಮಾತಾಡೋರೇ. ಹಾಗಿರುವಾಗ ಕಪಟ ಅನ್ನೋದು ಪದದ ಅರ್ಥ ಅಲ್ಲ, ಆಡಿದವರ ಅನುಮಾನ."

ಪ್ರಾಧ್ಯಾಪಕಿ ಏಳು ಚೀಟಿಗಳನ್ನೂ ಕೈಗೆತ್ತಿಕೊಂಡು ಓದಿದರು. ಓದಿ, ಕರಡಿನಲ್ಲಿ ಕಪಟ ಎಂಬುದರ ಮೇಲೆ ಗೆರೆ ಎಳೆದರು. ಟೈಪಿಸ್ಟು ಬರೆಯುವುದನ್ನು ಮರೆತು ಬಾಯಿ ತೆರೆದು ಕೂತಿದ್ದಳು.

ಸಂಪಾದಕರಿಗೆ ಸೋತೆನೆಂಬ ಭಾವ ಬರಲಿಲ್ಲ, ಅವರಿಗೆ ಒಳ್ಳೆಯ ವಾದ ಕೇಳಿದ ಖುಷಿಯೇ ಆಯಿತು. ಪದದ ಮೂಲದ ಮಾತು ಬಂದಾಗ ಅವರ ಮುಖ ಇನ್ನೂ ಅರಳಿತು. ಮುಗುಳ್ ಎಂದರೆ ಹಳೆಯ ಭಾಷೆಯಲ್ಲಿ ಮೊಗ್ಗು, ಮುಚ್ಚಿಕೊಳ್ಳುವುದೂ ಹೌದು. ಮುಗುಮ್ಮು ಅಲ್ಲಿಂದಲೇ ಬಂದಿರಬೇಕು, ಎಷ್ಟು ಸುಂದರವಾಗಿದೆ ನೋಡಿ ಎಂದರು. ಮಾತು ಅಲ್ಲಿಗೇ ನಿಲ್ಲಲಿಲ್ಲ. ಇಷ್ಟು ವರ್ಷ ನಮ್ಮ ನಡುವೆ ಮೊಗ್ಗಾಗಿದ್ದ ಈ ಹೆಣ್ಣುಮಗಳು ಇವತ್ತು ಅರಳಿದ್ದಾಳೆ ಎಂದು ಕೈ ಚಾಚಿ ತೋರಿಸಿದರು. ಪ್ರಾಧ್ಯಾಪಕಿ ನಕ್ಕರು. ಆಡಳಿತಾಧಿಕಾರಿಯೂ, ಇಷ್ಟಕ್ಕೇ ಎಲ್ಲ ಸಿಹಿಯಾಗಿ ಮುಗಿದರೆ ಸಾಕೆಂದು, ಹಲ್ಲು ತೋರಿದ.

ಮುಗುಮ್ಮಕ್ಕ ನಗಲಿಲ್ಲ. ಕಪಟ ಎಂದಾಗ ಬಾರದಿದ್ದ ಸಿಟ್ಟು ಈಗ ಬಂತು.

"ಅದಕ್ಕೆ ಆಧಾರ ಇಲ್ಲ ಸರ್. ಅಸ್ಪಷ್ಟ ಅನ್ನೋ ಅರ್ಥದ ಪರಭಾಷೆ ಪದದಿಂದ, ಕಚೇರಿ ಕಾಗದಪತ್ರದ ಮೂಲಕ ಬಂತು ಅಂತಲೂ ಹೇಳ್ತಾರೆ. ಅದಕ್ಕೂ ಪೂರ್ತಿ ಆಧಾರ ಇಲ್ಲ. ಎರಡೂ ಊಹೆ. ಮೂಲ ಅನಿಶ್ಚಿತ ಅಂತ ಬರೀಬೇಕು." ಅವರ ಕಡೆ ತಿರುಗಿ ಮುಂದುವರಿಸಿದಳು. "ಮತ್ತೆ, ನಾನು ಮೊಗ್ಗಲ್ಲ. ಮೊಗ್ಗು ಅಂದ್ರೆ ಅರಳಬೇಕಾದ್ದು, ಅರಳದಿದ್ರೆ ಕೊರತೆ. ನಂಗೆ ಯಾವ ಕೊರತೇನೂ ಇಲ್ಲ. ನಾನು ಇರೋದೇ ಹೀಗೆ, ಪೂರ್ತಿಯಾಗೇ ಇದೀನಿ."

 ಸಂಪಾದಕರ ಮುಖ ಸಣ್ಣದಾಯಿತು. ಅವರು ಹೊಗಳಿದ್ದರು, ಹೊಗಳಿಕೆ ತಿರುಗಿ ಬಂದದ್ದು ಅವರ ಅನುಭವದಲ್ಲಿ ಇದೇ ಮೊದಲು. ಪ್ರಾಧ್ಯಾಪಕಿ ಮಾತ್ರ ಮೂಲ ಅನಿಶ್ಚಿತ ಎಂದು ಬರೆದು, ಕೆಳಗೆ ರುಜು ಹಾಕಿ, ಪೆನ್ನಿನ ಮುಚ್ಚಳ ಹಾಕಿದರು.

ಆಡಳಿತಾಧಿಕಾರಿಗೆ ತನ್ನ ಕಾಲ ಕೆಳಗಿನ ನೆಲ ಜಾರುತ್ತಿರುವುದು ಗೊತ್ತಾಯಿತು. ಪದದ ಅರ್ಥ ಏನಾದರೂ ಇರಲಿ, ಸುದ್ದಿ ಹೊರಗೆ ಹೋದದ್ದು ನಿಜವಲ್ಲವೇ ಎಂದ. ನೇರವಾಗಿ ಕೇಳುತ್ತೇನೆ, ನೇರವಾಗಿ ಹೇಳಿ. ಕೊಟ್ಟವರು ಯಾರೆಂದು ನಿಮಗೆ ಗೊತ್ತೋ ಇಲ್ಲವೋ?

"ಗೊತ್ತು" ಎಂದಳು.

 ಆಡಳಿತಾಧಿಕಾರಿ ಮುಂದಕ್ಕೆ ಬಾಗಿದ.

"ನಾನಲ್ಲ. ಯಾರು ಅಂತ ಗೊತ್ತು. ಹೇಳಲ್ಲ."

"ನೋಡಿದ್ರಾ ಮೇಡಂ" ಎಂದ ಆತ ಪ್ರಾಧ್ಯಾಪಕಿಯ ಕಡೆ ತಿರುಗಿ. "ಇದೇ ಮುಗುಮ್ಮು. ಇದನ್ನೇ ನಾನು ಬರೆದದ್ದು."

"ಹೌದು" ಎಂದಳು ಮುಗುಮ್ಮಕ್ಕ, ಮೂರನೇ ಗುಡ್ಡೆಯ ಮೇಲೆ ಕೈಯಿಟ್ಟು. "ಈ ಹದಿನೆಂಟು ಚೀಟಿ ಅರ್ಥದಲ್ಲಿ, ಹೌದು. ಇದು ತಪ್ಪು ಅಂತ ನಿಮಗನ್ನಿಸಿದ್ರೆ ಹಾಗಂತ ಬರೆದುಕೊಡಿ, ಸಹಿ ಮಾಡ್ತೀನಿ. ಆದ್ರೆ ಸುದ್ದಿ ಕೊಟ್ಟೆ ಅಂತ ಬರೀಬೇಡಿ. ಗೋಡೆ ಸೋರ್ತಿದೆ ಅಂತ ನಾನು ನಾಲ್ಕು ಸಲ ಬರೆದು ಕೊಟ್ಟಿದೀನಿ, ಅದರ ನಕಲೂ ನನ್ ಹತ್ರ ಇದೆ. ಅದನ್ನೂ ಯಾವ ಪತ್ರಿಕೆಗೂ ಕೊಟ್ಟಿಲ್ಲ."

 ಕೆಳಗಿನ ಅಂಗಡಿಯಲ್ಲಿ ಯಾರೋ ಚಕ್ರ ತಿರುಗಿಸಿ ಬಿಟ್ಟದ್ದು ಕೇಳಿಸುತ್ತಿತ್ತು. ಮುಗುಮ್ಮಕ್ಕ ಸಂಪಾದಕರ ಕಡೆ ನೋಡಲಿಲ್ಲ. ನೋಡಿದರೆ ಹೇಳಿದ ಹಾಗೆಯೇ ಆಗುತ್ತಿತ್ತು. ಆದರೆ ಯಾವ ಸಭೆಯಲ್ಲೂ ಅರೆಗಳಿಗೆ ಖಾಲಿ ಬಿಡದ ಮನುಷ್ಯ ಸುಮ್ಮನೆ ಕೂತಿರುವುದು ನೋಡದೆಯೇ ಎಲ್ಲರಿಗೂ ತಿಳಿಯುತ್ತಿತ್ತು. ಪ್ರಾಧ್ಯಾಪಕಿ ಕನ್ನಡಕ ತೆಗೆದು ಆ ಕಡೆಗೆ ತಿರುಗಿದರು. ಟೈಪಿಸ್ಟೂ ತಿರುಗಿದಳು.

"ನಾನೇ" ಎಂದರು ಸಂಪಾದಕರು.

ಅದರ ಹಿಂದೆ ವಿವರಣೆ ಬರುತ್ತದೆಂದು ಎಲ್ಲರೂ ಕಾದರು.  ಆಮೇಲೆ ತಗ್ಗಿದ ದನಿಯಲ್ಲಿ, ತಮಾಷೆಗೆ ಟೆಲಿಫೋನಿನಲ್ಲಿ ಹೇಳಿದ್ದೆ, ಆಕೆ ಅಲ್ಲೇ ಕೂತಿದ್ದಳು, ಪತ್ರಿಕೆ ನೋಡಿದ ದಿನವೇ ನನಗೆ ಗೊತ್ತಾಯಿತು, ಹೇಳುವ ಧೈರ್ಯ ಬರಲಿಲ್ಲ ಎಂದರು. ಇಷ್ಟು ದಿನ ಆ ಕಬ್ಬಿಣದ ಮೆಟ್ಟಿಲು ಹತ್ತಿದೆ ಎಂದೂ ಸೇರಿಸಿದರು, ಯಾರಿಗೆ ಹೇಳುತ್ತಿದ್ದಾರೆಂದು ಗೊತ್ತಾಗದ ಹಾಗೆ.

ಅಲ್ಲಿಗೆ ವಿಚಾರಣೆ ಮುಗಿಯಿತು. ಸಂಪಾದಕರಿಗೆ ನೋಟೀಸು ಕೊಡುವ ಎದೆ ಆಡಳಿತಾಧಿಕಾರಿಗಿರಲಿಲ್ಲ. ನಡೆದದ್ದನ್ನೆಲ್ಲ ಮರೆತುಬಿಡೋಣ, ನಾಳೆಯಿಂದ ಚೀಟಿ ಕೋಣೆಗೆ ಬನ್ನಿ ಎಂದು ಅವಳಿಗೆ ಹೇಳಿ ಕಳಿಸಿದ. ಎಲ್ಲರೂ ಮುಗಿಯಿತೆಂದುಕೊಂಡರು.

ಮರುದಿನ ಹತ್ತು ಗಂಟೆಗೆ ಅವಳು ಬಂದು ಮತ್ತೆ ಪಡಸಾಲೆಯ ಕುರ್ಚಿಯಲ್ಲೇ ಕೂತಳು.

ಟೈಪಿಸ್ಟು ಓಡಿಬಂದು, ಅಕ್ಕಾ, ಎಲ್ಲ ಮುಗೀತಲ್ಲ ಎಂದಳು. ಸೇವಾ ಪುಸ್ತಕದಲ್ಲಿ ಇನ್ನೂ ಆ ಮೂರನೇ ಸಾಲು ಇದೆ ಎಂದಳು ಮುಗುಮ್ಮಕ್ಕ. ಬಾಯಿಮಾತಿನಲ್ಲಿ ಮರೆತರೆ ಆಗಲಿಲ್ಲ, ಕಾಗದದಲ್ಲಿ ಹಾಕಿದ್ದನ್ನು ಕಾಗದದಲ್ಲೇ ತೆಗೆಯಬೇಕು. ಆಡಳಿತಾಧಿಕಾರಿ ಮೊದಲ ದಿನ ಅಲಕ್ಷ್ಯ ಮಾಡಿದ. ಎರಡನೇ ದಿನ, ಇದು ಸರಿಯಲ್ಲ ಎಂದು ಗದರಿಸಿದ. ಅವಳು ಕೇಳಿಸಿಕೊಂಡು ಗದರಿಕೆಯಲ್ಲಿ ಬಂದ ‘ಬಾಯಿ ಮುಚ್ಚಿ ಒಳಗೆ ಹೋಗಿ’ ಎಂಬುದನ್ನು ಚೀಟಿಗಿಳಿಸಿದಳು. ಮ ಅಕ್ಷರದ ಕೆಲಸ ನಿಂತಿತು. ಮೂರನೇ ದಿನ ಸಂಪಾದಕರೇ, ಮುಂದಿನ ಮೆಟ್ಟಿಲು ಹತ್ತಿ ಬಂದು, ಕಾಗದ ಕೊಡದ ಹೊರತು ತಾವೂ ಒಳಗೆ ಕಾಲಿಡುವುದಿಲ್ಲವೆಂದು ಬೆಂಚಿನ ಮೇಲೆ ಕೂತರು. ಮಧ್ಯಾಹ್ನದೊಳಗೆ ಆಜ್ಞೆ ಟೈಪಾಯಿತು: ಸದರಿ ವಾಕ್ಯವನ್ನು ಸೇವಾ ಪುಸ್ತಕದಿಂದ ತೆಗೆದುಹಾಕಲಾಗಿದೆ. ಟೈಪಿಸ್ಟು ಮೂರು ಪ್ರತಿಯ ಬದಲು ಆರು ಪ್ರತಿ ಹೊಡೆದಳು, ಒಂದನ್ನು ಅತ್ತೆಗೆಂದು. ಗೋಡೆಗೂ ಅದೇ ತಿಂಗಳು ಗಾರೆಯವರು ಬಂದರು.

ಬೆಂಚಿನ ಮೇಲೆ ಕೂತಿದ್ದ ಹೊತ್ತಿನಲ್ಲಿ ಸಂಪಾದಕರು ಒಮ್ಮೆ ಕೇಳಿದ್ದರು, ಮೊದಲನೇ ದಿನವೇ ನನ್ನ ಹತ್ತಿರ ಬಂದು ಹೇಳಬಹುದಿತ್ತಲ್ಲ ಎಂದು. ಅವಳು ಬರೆಯುವುದನ್ನು ನಿಲ್ಲಿಸಿದಳು.

"ನೀವು ಹೇಳಬೇಕಾದ್ದು ಸರ್ ಅದು. ನಾನು ಬಂದಿದ್ರೆ ನಿಮ್ಮ ಕೆಲಸ ನಾನು ಮಾಡಿದ ಹಾಗಾಗ್ತಿತ್ತು."

ಅವರು ತಲೆ ತಗ್ಗಿಸಿದರು. ಅವಳು ಕ್ಷಮಿಸಿದೆ ಎನ್ನಲಿಲ್ಲ, ಇಲ್ಲ ಎಂದೂ ಅನ್ನಲಿಲ್ಲ. ಫ್ಲಾಸ್ಕಿನಿಂದ ಅರ್ಧ ಲೋಟ ಚಹಾ ಬಗ್ಗಿಸಿ ಅವರ ಕಡೆ ಸರಿಸಿದಳು.

ಸಂಪುಟ ಹೊರಬಂದದ್ದು ಒಂದೂವರೆ ವರ್ಷದ ಮೇಲೆ. ಬಾಯಿ ಪದಕ್ಕೆ ಹನ್ನೆರಡು ಪುಟ ಹಿಡಿಯಿತು. ಮುಗುಮ್ಮು ಪದಕ್ಕೆ ಮೂರು ಸಾಲು ಸಾಕಾಯಿತು. ಬಿಡುಗಡೆಯ ದಿನ ಸಭಾಂಗಣದ ಹಿಂದಿನ ಕೋಣೆಯಲ್ಲಿ ಸಂಪಾದಕರು ಅವಳನ್ನು ಕರೆದು, ವೇದಿಕೆಯ ಮೇಲೆ ಎರಡು ಮಾತಾಡಬೇಕೆಂದು ಕೇಳಿಕೊಂಡರು. ಆ ಗುರುವಾರದ ಕಥೆ ಅಷ್ಟು ಹೊತ್ತಿಗೆ ಊರೆಲ್ಲ ಹಬ್ಬಿತ್ತು, ಟೈಪಿಸ್ಟು ಇದ್ದಾಳಲ್ಲ. ಜನ ಅವಳನ್ನು ಕೇಳಲೆಂದೇ ಬಂದಿದ್ದಾರೆ, ಅವತ್ತು ಎಷ್ಟು ಚೆನ್ನಾಗಿ ಮಾತಾಡಿದೆ, ಇನ್ನೇನು ಸಂಕೋಚ ಎಂದರು.

"ಸಂಕೋಚ ಇಲ್ಲ ಸರ್. ಅವತ್ತು ಬೇಕಿತ್ತು. ಇವತ್ತು ಬೇಡ."

ಅವರು ಇನ್ನೊಂದು ಸುತ್ತು ಒತ್ತಾಯಿಸಲು ಬಾಯಿ ತೆರೆದರು. ಅವಳ ಮುಖ ನೋಡಿ ಸರಿಯಮ್ಮ ಎಂದು ವೇದಿಕೆಗೆ ಹೋದರು. ಅಲ್ಲಿ ಐವತ್ತು ನಿಮಿಷ ಮಾತಾಡಿದರು, ಗೆದ್ದಲಿನ ಚಮತ್ಕಾರವನ್ನೂ ಬಿಡಲಿಲ್ಲ, ಈ ಸಲ ಅದರ ಜೊತೆ ತಮ್ಮ ತಪ್ಪನ್ನೂ ಹೇಳಿದರು. ಮುಗುಮ್ಮಕ್ಕ ಮೂರನೇ ಸಾಲಿನಲ್ಲಿ ಅತ್ತೆಯ ಪಕ್ಕ ಕೂತು ಕೇಳಿದಳು. ನಗು ಬಂದ ಕಡೆ ನಕ್ಕಳು. ಅವಳ ಹೆಸರು ಕರೆದಾಗ ಎದ್ದು ನಿಂತಳು, ಎಲ್ಲರೂ ನೋಡುವಷ್ಟು ಹೊತ್ತು ನಿಂತಿದ್ದು ಕೂತಳು. ಹಿಂದಿನ ಸಾಲಿನಲ್ಲಿ ಯಾರೋ, ಇಷ್ಟೇನಾ ಎಂದರು. ಅತ್ತೆ ಹಿಂದಕ್ಕೆ ತಿರುಗಿ, ಇಷ್ಟೇ ಎಂದಳು.